ಶ್ರೀ ಡಿ. ದೇವರಾಜ ಅರಸು (1915–1982): ಜೀವನ ಮತ್ತು ಶಾಸಕಾಂಗ ಸೇವೆ

ಕರ್ನಾಟಕದ ಮಾಜಿ ಮುಖ್ಯಮಂತ್ರಿಗಳಾದ ಶ್ರೀ ಡಿ. ದೇವರಾಜ ಅರಸು ರವರು ಮೈಸೂರು ಜಿಲ್ಲೆ, ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯಲ್ಲಿ ದಿನಾಂಕ 20-8-1915ರಂದು ಜನಿಸಿದರು. ರಾಜಮನೆತನದ ಸಂಬಂಧವುಳ್ಳ ಅರಸು ಸಮುದಾಯಕ್ಕೆ ಸೇರಿದವರಾದರೂ ಅವರದು ಬೇಸಾಯದ ಕುಟುಂಬ. ಚಲನಚಿತ್ರ ನಟ ಹಾಗೂ ನಿರ್ದೇಶಕ ಕೆಂಪರಾಜ ಅರಸು ಇವರ ಸಹೋದರರು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ವಿಜ್ಞಾನ ಪದವಿ ಪಡೆದು ಸ್ವಗ್ರಾಮಕ್ಕೆ ಹಿಂದಿರುಗಿದ ಶ್ರೀಯುತರು ಸರ್ಕಾರಿ ಹುದ್ದೆಯನ್ನು ಅರಸದೆ ಕೃಷಿಯಲ್ಲಿ ತೊಡಗಿದರು.

1941ರಲ್ಲಿ ಮೈಸೂರು ಪ್ರಜಾಪ್ರತಿನಿಧಿ ಸಭೆಗೆ ಆಯ್ಕೆಯಾಗುವುದರೊಂದಿಗೆ ಅವರ ಸಾರ್ವಜನಿಕ ಜೀವನ ಆರಂಭವಾಯಿತು. 1952ರ ಪ್ರಥಮ ಸಾರ್ವತ್ರಿಕ ಚುನಾವಣೆಯಿಂದ ಮೊದಲ್ಗೊಂಡು ಹುಣಸೂರು ಕ್ಷೇತ್ರವನ್ನು ಸತತವಾಗಿ ಪ್ರತಿನಿಧಿಸಿ, ಸಚಿವರಾಗಿಯೂ ಕಾರ್ಯ ನಿರ್ವಹಿಸಿದರು. 1969ರಲ್ಲಿ ಕಾಂಗ್ರೆಸ್ ಇಬ್ಭಾಗವಾದಾಗ ರಾಜ್ಯದ ಹಿರಿಯ ನಾಯಕರಲ್ಲಿ ಬಹುತೇಕರು ಶ್ರೀ ನಿಜಲಿಂಗಪ್ಪನವರ ಜೊತೆಗಿದ್ದರೆ, ಅರಸು ರವರು ಶ್ರೀಮತಿ ಇಂದಿರಾ ಗಾಂಧಿಯವರ ಪಕ್ಷದಲ್ಲಿ ಉಳಿದರು. 1972ರ ಸಾರ್ವತ್ರಿಕ ಚುನಾವಣೆಯಲ್ಲಿ ಅವರು ಸ್ಪರ್ಧಿಸಿರಲಿಲ್ಲ. ಆದರೂ ಅದೇ ವರ್ಷದ ಮಾರ್ಚ್ 20ರಂದು ಮುಖ್ಯಮಂತ್ರಿಯಾಗಿ ಅಧಿಕಾರ ವಹಿಸಿಕೊಂಡರು. ದಿನಾಂಕ 1-11-1973ರಂದು ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದದ್ದು ಇವರ ಆಡಳಿತಾವಧಿಯಲ್ಲಿಯೇ.

ಅವರ ಕಾರ್ಯಗಳಲ್ಲಿ ಅತ್ಯಂತ ದೂರಗಾಮಿಯಾದುದು ಭೂ ಸುಧಾರಣೆ. 1961ರ ಭೂ ಸುಧಾರಣಾ ಕಾಯ್ದೆಯಲ್ಲಿ ಸ್ವಂತ ಸಾಗುವಳಿಯ ಕಾರಣ ನೀಡಿ ಭೂಮಾಲೀಕರು ಜಮೀನನ್ನು ಹಿಂಪಡೆಯಲು ಅವಕಾಶವಿತ್ತು. 1974ರ ತಿದ್ದುಪಡಿಯು ಅದನ್ನು ಮುಚ್ಚಿತು. ದಿನಾಂಕ 1-3-1974ರಂದು ಗೇಣಿಯಲ್ಲಿದ್ದ ಜಮೀನುಗಳೆಲ್ಲವೂ ಸರ್ಕಾರದಲ್ಲಿ ನಿಹಿತಗೊಂಡವು. ಗೇಣಿದಾರನು ನಮೂನೆ 7ರಲ್ಲಿ ಅರ್ಜಿ ಸಲ್ಲಿಸಿ ಅಧಿಭೋಗದಾರಿಕೆ ಹಕ್ಕನ್ನು ಪಡೆಯಬೇಕಾಗಿತ್ತು. ಅರ್ಜಿಗಳ ವಿಚಾರಣೆಯನ್ನು ಸಿವಿಲ್ ನ್ಯಾಯಾಲಯಗಳಿಗೆ ಬಿಡದೆ, ಉಪವಿಭಾಗಾಧಿಕಾರಿಯ ಅಧ್ಯಕ್ಷತೆಯ ಭೂ ನ್ಯಾಯಮಂಡಳಿಗಳಿಗೆ ವಹಿಸಲಾಯಿತು. ನಾಲ್ವರು ನಾಮನಿರ್ದೇಶಿತ ಸದಸ್ಯರಲ್ಲಿ ಕನಿಷ್ಠ ಒಬ್ಬರು ಪರಿಶಿಷ್ಟ ಜಾತಿ ಅಥವಾ ಪಂಗಡದವರಿರಬೇಕೆಂದು ವಿಧಿಸಲಾಗಿತ್ತು. ಬಾಯಿಮಾತಿನ ಗೇಣಿಗೆ ಕಾಗದವಿರುವುದಿಲ್ಲ. ಪಹಣಿಯಲ್ಲಿ ಸಾಗುವಳಿದಾರನ ಹೆಸರು ಎಷ್ಟೋ ಕಡೆ ದಾಖಲಾಗಿರಲೂ ಇಲ್ಲ. ವಕೀಲರ ಹಾಜರಾತಿಯನ್ನು ಮೊದಲಿಗೆ ನಿಷೇಧಿಸಿದ್ದರ ಹಿನ್ನೆಲೆ ಇದೇ. ಅರ್ಜಿ ಸಲ್ಲಿಸುವ ಅಂತಿಮ ದಿನಾಂಕವನ್ನು ಹಲವು ಬಾರಿ ವಿಸ್ತರಿಸಿ 30-6-1979ಕ್ಕೆ ನಿಲ್ಲಿಸಲಾಯಿತು. 8 ಲಕ್ಷಕ್ಕೂ ಹೆಚ್ಚು ಅರ್ಜಿಗಳು ಬಂದವು; ಇವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಗೇಣಿದಾರರ ಪರವಾಗಿ ತೀರ್ಮಾನವಾದವು.

ಕಾನೂನಿನ ಭಾರ ದೊಡ್ಡ ಜಮೀನುದಾರರ ಮೇಲೆ ಮಾತ್ರ ಬೀಳಲಿಲ್ಲವೆಂಬುದನ್ನೂ ಹೇಳಬೇಕಾಗುತ್ತದೆ. ಮೈಸೂರಿನ ಅಗ್ರಹಾರದಂತಹ ಬಡಾವಣೆಗಳಲ್ಲಿ ನೆಲೆಸಿ, ಹಳ್ಳಿಯ ಒಂದೆರಡು ಎಕರೆಯ ಗೇಣಿ ಭತ್ತವನ್ನೇ ನೆಚ್ಚಿಕೊಂಡಿದ್ದವರಿಗೆ ಇದು ಕಠಿಣವಾಯಿತು. ವಿಧವೆಯರಿಗೂ ವಿನಾಯಿತಿಯಿರಲಿಲ್ಲ, ಸೈನಿಕರಿಗೆ ಮತ್ತು ನಾವಿಕರಿಗೆ ಮಾತ್ರ ವಿಶೇಷ ಅವಕಾಶ ಕಲ್ಪಿಸಲಾಗಿತ್ತು. ದೊರೆತ ಪರಿಹಾರವೂ ಅಲ್ಪವೇ.

1972ರಲ್ಲಿ ಶ್ರೀ ಎಲ್.ಜಿ. ಹಾವನೂರು ರವರ ಅಧ್ಯಕ್ಷತೆಯಲ್ಲಿ ನೇಮಿಸಿದ ಹಿಂದುಳಿದ ವರ್ಗಗಳ ಆಯೋಗವು 1975ರಲ್ಲಿ ವರದಿ ನೀಡಿತು. ತೀವ್ರ ವಿರೋಧದ ನಡುವೆಯೂ 1977ರಲ್ಲಿ ಮೀಸಲಾತಿ ಆದೇಶವನ್ನು ಹೊರಡಿಸಲಾಯಿತು. ಬಡ ಸಾಲಗಾರರಿಗಾಗಿ ಋಣ ಪರಿಹಾರ ಕಾಯ್ದೆ 1976ರಲ್ಲಿ ಬಂದಿತು.

ಅವರ ಆಡಳಿತದ ಮೇಲಿನ ಆರೋಪಗಳ ವಿಚಾರಣೆಗೆ ಕೇಂದ್ರ ಸರ್ಕಾರವು 1977ರಲ್ಲಿ ನ್ಯಾಯಮೂರ್ತಿ ಗ್ರೋವರ್ ಆಯೋಗವನ್ನು ರಚಿಸಿತು. ಅದೇ ವರ್ಷದ ಡಿಸೆಂಬರ್ 31ರಂದು ಅಧಿಕಾರ ಕೊನೆಗೊಂಡರೂ, ಚುನಾವಣೆಯಲ್ಲಿ ಗೆದ್ದು 1978ರ ಫೆಬ್ರವರಿ 28ರಂದು ಪುನಃ ಮುಖ್ಯಮಂತ್ರಿಯಾದರು. 1979ರಲ್ಲಿ ಇಂದಿರಾ ಗಾಂಧಿಯವರಿಂದ ದೂರವಾದರು. 1980ರ ಲೋಕಸಭಾ ಚುನಾವಣೆಯ ಸೋಲಿನ ತರುವಾಯ ಶಾಸಕರ ಬೆಂಬಲ ಕರಗಿ, ಆ ಜನವರಿಯಲ್ಲಿ ಅಧಿಕಾರ ತ್ಯಜಿಸಿದರು. ದಿನಾಂಕ 6-6-1982ರಂದು ನಿಧನ ಹೊಂದಿದರು.

ಹಿಂದುಳಿದ ವರ್ಗಗಳ ಅಭಿವೃದ್ಧಿ ನಿಗಮಕ್ಕೂ ಮೈಸೂರಿನ ಪ್ರಮುಖ ವಾಣಿಜ್ಯ ರಸ್ತೆಗೂ ಅವರ ಹೆಸರನ್ನಿಡಲಾಗಿದೆ. ಪೌತಿ ಖಾತೆ ಅಥವಾ ವಿಭಾಗದ ಅರ್ಜಿಗೆ ಹಕ್ಕಿನ ಮೂಲವನ್ನು ಹುಡುಕುವ ಅನೇಕ ರೈತ ಕುಟುಂಬಗಳಿಗೆ ಕೈಗೆ ಸಿಗುವ ಹಳೆಯ ದಾಖಲೆಯೆಂದರೆ ಭೂ ನ್ಯಾಯಮಂಡಳಿಯ ಆದೇಶ ಮತ್ತು ಅದರಂತೆ ತಹಶೀಲ್ದಾರರು ನೀಡಿದ ನಮೂನೆ 10ರ ಪ್ರಮಾಣಪತ್ರ.