ಖ್ವಾಜಾ ಮಹಮೂದ್ ಗವಾನ್ ಮತ್ತು ಅವರ ಮದರಸಾ



ನಮ್ಮ ಕಡೆಯಿಂದ ಬೀದರಿಗೆ ಪ್ರವಾಸ ಹೋದವರು ಕೋಟೆ ನೋಡಿ ಬರುವುದೇ ಹೆಚ್ಚು. ಚೌಬಾರಾದಿಂದ ಕೋಟೆಗೆ ಹೋಗುವ ದಾರಿಯಲ್ಲಿ ಒಂಟಿ ಮಿನಾರಿನ ಹಳೆಯ ಕಟ್ಟಡವೊಂದಿದೆ. ಅದು ಅರಮನೆಯಲ್ಲ, ಗೋರಿಯೂ ಅಲ್ಲ. ವಿದ್ಯಾರ್ಥಿಗಳು ಉಳಿದು ಓದುತ್ತಿದ್ದ ಶಾಲೆ. ಅದನ್ನು ಕಟ್ಟಿಸಿದವರು ಖ್ವಾಜಾ ಮಹಮೂದ್ ಗವಾನ್.

ಅವರು ಹುಟ್ಟಿದ್ದು 1411ರ ಸುಮಾರಿಗೆ, ಇರಾನಿನ ಗಿಲಾನ್ ಪ್ರಾಂತದಲ್ಲಿ. ನಲವತ್ತು ದಾಟಿದ ಮೇಲೆ, 1453ರ ಹೊತ್ತಿಗೆ, ವ್ಯಾಪಾರಿಯಾಗಿ ದಾಭೋಳ ಬಂದರಿಗೆ ಬಂದಿಳಿದು ಬೀದರ್ ಸೇರಿದರು. ನಾಲ್ವರು ಬಹಮನಿ ಸುಲ್ತಾನರ ಸೇವೆ ಮಾಡಿ ಪ್ರಧಾನಮಂತ್ರಿಯಾದರು. ಗೋವಾ, ಬೆಳಗಾವಿಗಳನ್ನು ಗೆದ್ದರು. ನಾಲ್ಕು ಪ್ರಾಂತಗಳನ್ನು ಎಂಟಾಗಿ ವಿಂಗಡಿಸಿ, ಭೂಮಿ ಅಳತೆ ಮಾಡಿಸಿ, ಸರದಾರರ ಕೈಯಲ್ಲಿದ್ದ ಕೋಟೆಗಳನ್ನು ಕಡಿಮೆ ಮಾಡಿದರು. ಸರದಾರರು ಇದನ್ನು ಮರೆಯಲಿಲ್ಲ.

1472ರಲ್ಲಿ ಮದರಸಾ ಸಿದ್ಧವಾಯಿತು. ಮೂರು ಅಂತಸ್ತು, ವಿದ್ಯಾರ್ಥಿಗಳಿಗೆ 36 ಕೋಣೆ, ಉಸ್ತಾದರಿಗೆ 6 ಬಿಡಾರ, ಮಸೀದಿ, ಉಪನ್ಯಾಸದ ಸಭಾಂಗಣ, ಸುಮಾರು 3000 ಹಸ್ತಪ್ರತಿಗಳ ಗ್ರಂಥಾಲಯ. ಮುದ್ರಣ ಇಲ್ಲಿಗಿನ್ನೂ ಬಾರದ ಕಾಲದಲ್ಲಿ ಅಷ್ಟೂ ಪುಸ್ತಕಗಳು ಕೈಬರಹದವು ಎಂಬುದನ್ನು ನೆನೆಯಿರಿ! ದೂರದೂರದ ವಿದ್ವಾಂಸರನ್ನು ಖ್ವಾಜಾ ಪತ್ರ ಬರೆದು ಕರೆದರು. ತಮ್ಮ ಖರ್ಚು ಮಾತ್ರ ವ್ಯಾಪಾರದ ಲಾಭದಲ್ಲೇ. ಮಣ್ಣಿನ ಪಾತ್ರೆಯಲ್ಲಿ ಊಟ, ಚಾಪೆಯ ಮೇಲೆ ನಿದ್ದೆ ಎಂದು ಇತಿಹಾಸಕಾರ ಫಿರಿಶ್ತಾ ದಾಖಲಿಸಿದ್ದಾನೆ.

ವಿರೋಧಿಗಳು ಅವರ ಮುದ್ರೆ ಕಾಯುವವನನ್ನು ಒಲಿಸಿಕೊಂಡು ಖಾಲಿ ಕಾಗದಕ್ಕೆ ಮುದ್ರೆ ಒತ್ತಿಸಿದರು. ಒರಿಸ್ಸಾದ ರಾಜನನ್ನು ದಂಡೆತ್ತಿ ಬರಲು ಕರೆಯುವ ಪತ್ರವನ್ನು ಅದರ ಮೇಲೆ ಬರೆದರು. ಅಮಲಿನಲ್ಲಿದ್ದ ಮೂರನೆಯ ಮುಹಮ್ಮದ್ ಷಾ ವಿಚಾರಣೆಯನ್ನೇ ಮಾಡದೆ, 1481ರ ಏಪ್ರಿಲ್ 5ರಂದು, ಎಪ್ಪತ್ತರ ಗಡಿಯಲ್ಲಿದ್ದ ಮಂತ್ರಿಯ ಶಿರಚ್ಛೇದ ಮಾಡಿಸಿದನು. ಸತ್ಯ ತಿಳಿದು ಪಶ್ಚಾತ್ತಾಪಪಟ್ಟ ಅವನೂ ಮರುವರ್ಷ ತೀರಿಕೊಂಡ. ಮುಂದೆ ಕೆಲವೇ ದಶಕಗಳಲ್ಲಿ ರಾಜ್ಯ ಐದು ಹೋಳಾಯಿತು. ಕೃಷ್ಣಾ-ತುಂಗಭದ್ರೆಯರ ನಡುವಿನ ನಮ್ಮ ಸೀಮೆಗಾಗಿ ಬಿಜಾಪುರ, ವಿಜಯನಗರಗಳು ಹೊಡೆದಾಡಿದವು.

ಮದರಸಾದ ಕಥೆ ಇನ್ನೂ ನೋವಿನದು. 1657ರಲ್ಲಿ ಔರಂಗಜೇಬ್ ಬೀದರ್ ಗೆದ್ದ ನಂತರ ವಿದ್ಯಾರ್ಥಿಗಳ ಕೋಣೆಗಳು ಕುದುರೆ ಸವಾರರ ವಸತಿಯಾದವು. ಇನ್ನು ಕೆಲವು ಕೋಣೆಗಳಲ್ಲಿ ಸಿಡಿಮದ್ದು ತುಂಬಿಟ್ಟರು. ಪುಸ್ತಕವಿದ್ದ ಸೂರಿನಡಿ ಮದ್ದು! 1696ರ ಸುಮಾರಿಗೆ ಅದು ಸ್ಫೋಟಿಸಿ ಒಂದು ಮಿನಾರು, ಮುಂಭಾಗದ ಅರ್ಧ, ದಕ್ಷಿಣದ ಕೋಣೆಗಳು ಹಾರಿಹೋದವು.

ನೀವು ಅಲ್ಲಿಗೆ ಹೋದಾಗ ಮಿನಾರಿನ ಬಣ್ಣದ ಬಿಲ್ಲೆಗಳನ್ನಷ್ಟೇ ನೋಡಿ ಮರಳಬೇಡಿ. ಒಳಗೆ ಉಳಿದಿರುವ ಕೋಣೆಯೊಂದರ ಬಾಗಿಲಲ್ಲಿ ನಿಂತು, ಗಾಳಿ ಬೆಳಕು ಎಷ್ಟು ಚೆನ್ನಾಗಿ ಬರುತ್ತದೆ ನೋಡಿ.