ಅಮೀರಬಾಯಿ ಕರ್ನಾಟಕಿ

ನಮ್ಮ ಜಿಲ್ಲೆಯ ಬೀಳಗಿಯಲ್ಲಿ ಹುಟ್ಟಿ, ಗ್ರಾಮಫೋನಿನ ಮೂಲಕ ಹಿಂದುಸ್ತಾನದ ಮನೆಮನೆಯನ್ನು ಮುಟ್ಟಿದ ಒಬ್ಬ ಗಾಯಕಿಯನ್ನು ಕುರಿತು ನಾಲ್ಕು ಮಾತು ಬರೆಯಬೇಕೆಂದು ಬಹುದಿನಗಳಿಂದ ನನ್ನ ಮನಸ್ಸಿನಲ್ಲಿತ್ತು. ಬಾದಾಮಿ, ಹುನಗುಂದ, ಇಳಕಲ್ಲುಗಳಿಂದ ಬಂದ ಸಹಪಾಠಿಗಳನ್ನು ವಿಚಾರಿಸಿದೆ. ಲತಾ ಮಂಗೇಶಕರರನ್ನು ಅರಿಯದವರಿಲ್ಲ. ಅಮೀರಬಾಯಿಯವರ ಹೆಸರು ಕೇಳಿದವರು ಇಬ್ಬರೇ!

ಅವರದು ಸಂಗೀತ, ನಾಟಕಗಳನ್ನೇ ನಂಬಿದ ಮುಸಲ್ಮಾನ ಮನೆತನ. ಬೀಳಗಿ ಆಗ ವಿಜಾಪುರ ಜಿಲ್ಲೆಗೆ, ವಿಜಾಪುರ ಮುಂಬಯಿ ಇಲಾಖೆಗೆ ಸೇರಿದ್ದವು. ನಾಟಕದ ಹೆಣ್ಣೆಂದರೆ ಸಮಾಜ ಮೂಗು ಮುರಿಯುತ್ತಿದ್ದ ಕಾಲವದು. ರಾತ್ರಿ ಮುಂದಿನ ಸಾಲಿನಲ್ಲಿ ಕುಳಿತು ಚಪ್ಪಾಳೆ ತಟ್ಟಿದವರೇ ಬೆಳಗಾದರೆ ಮುಖ ತಿರುಗಿಸುತ್ತಿದ್ದರು. ಅಮೀರಬಾಯಿಯವರೂ ಅವರ ಸಹೋದರಿ ಗೋಹರಬಾಯಿಯವರೂ ಕನ್ನಡ ರಂಗಭೂಮಿಯಲ್ಲಿ ಪಳಗಿ ಮುಂಬಯಿಯ ದಾರಿ ಹಿಡಿದರು. ಗೋಹರಬಾಯಿ ಮುಂದೆ ಮರಾಠಿಯ ಮಹಾನಟ ಬಾಲಗಂಧರ್ವರ ಮಂಡಳಿಯನ್ನೂ ಬಾಳನ್ನೂ ಸೇರಿದರು. ಅಮೀರಬಾಯಿ 1934ರಲ್ಲಿ ‘ವಿಷ್ಣುಭಕ್ತಿ’ಯಿಂದ ಬೋಲಪಟದ ಲೋಕಕ್ಕೆ ಕಾಲಿಟ್ಟರು.

ಕೀರ್ತಿ ಕೂಡಲೇ ಬರಲಿಲ್ಲ. ಅದನ್ನು ತಂದುಕೊಟ್ಟದ್ದು 1943ರ ‘ಕಿಸ್ಮತ್’. ಕಲಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಕ್ಕೂ ಮೇಲೆ ಓಡಿದ ಚಿತ್ರವದು. ಅನಿಲ್ ಬಿಸ್ವಾಸರ ಸಂಗೀತದಲ್ಲಿ ನಾಯಕಿ ಮುಮ್ತಾಜ್ ಶಾಂತಿಗೆ ಕಂಠವಾದವರು ಅಮೀರಬಾಯಿ. ಅದರಲ್ಲೊಂದು ದೇಶಭಕ್ತಿಯ ಗೀತೆಯಿದೆ. ‘ಭಾರತ ಬಿಟ್ಟು ತೊಲಗಿರಿ’ ಚಳವಳಿಯ ಮರುವರ್ಷ, ಸೆರೆಮನೆಗಳು ತುಂಬಿದ್ದಾಗ, ಜನರ ಕಿವಿಗೆ ಬಿದ್ದ ಅದನ್ನು ಕವಿ ಪ್ರದೀಪರು ಜಾಣತನದಿಂದ ಜರ್ಮನರ, ಜಪಾನಿಗಳ ಹೆಸರು ಸೇರಿಸಿ ಬರೆದಿದ್ದರು. ಸೆನ್ಸಾರಿನವರು ಅದನ್ನು ಯುದ್ಧಪ್ರಚಾರವೆಂದೇ ತಿಳಿದರು; ಜನರಿಗೆ ಮಾತ್ರ ಯಾರನ್ನು ಕುರಿತದ್ದೆಂಬುದು ತಿಳಿಯದೆ ಇರಲಿಲ್ಲ. ಆ ಗೀತೆಯಲ್ಲಿ ಮೊಳಗಿದ ಹೆಣ್ಣುದನಿ ನಮ್ಮ ಬೀಳಗಿಯದು. ಮರುವರ್ಷ ನೌಶಾದರ ‘ರತನ್’ ಅವರ ಕೀರ್ತಿಯನ್ನು ಇಮ್ಮಡಿಸಿತು. 1948ರಲ್ಲಿ ‘ಶಹನಾಜ್’ ಚಿತ್ರಕ್ಕೆ ಅವರೇ ಸಂಗೀತ ನಿರ್ದೇಶಕರಾದರು. ಗಂಡಸರದೇ ಆಗಿದ್ದ ಆ ಪೀಠದಲ್ಲಿ ಹೆಂಗಸು ಕುಳಿತದ್ದು ಸಣ್ಣ ಮಾತಲ್ಲ. ಈ ಸಂಗತಿಗೆ ಸಲ್ಲಬೇಕಾದಷ್ಟು ಮನ್ನಣೆ ಸಂದಿಲ್ಲವೆಂದು ನನ್ನ ಭಾವನೆ.

ಆದರೆ ನನ್ನನ್ನು ಎಲ್ಲಕ್ಕಿಂತ ಹೆಚ್ಚು ಹಿಡಿದದ್ದು ಅವರ ಹೆಸರಿನ ಕೊನೆಯ ಪದ. ಆಗ ನಕಾಶೆಯಲ್ಲಿ ಕರ್ನಾಟಕವೆಂಬ ರಾಜ್ಯವಿರಲಿಲ್ಲ. ನಾಡು ಒಂದಾದದ್ದು 1956ರಲ್ಲಿ. ಈ ಹೆಸರು ಪಡೆದದ್ದು 1973ರಲ್ಲಿ. ಅದಕ್ಕೂ ಎಷ್ಟೋ ಮೊದಲು ಅವರ ಧ್ವನಿಮುದ್ರಿಕೆಗಳ ಮೇಲೆ ‘ಕರ್ನಾಟಕಿ’ ಎಂದು ಅಚ್ಚಾಗುತ್ತಿತ್ತು. ಲಾಹೋರದಲ್ಲಿಯೂ ಕಲಕತ್ತೆಯಲ್ಲಿಯೂ ಜನ ಅದನ್ನು ಓದುತ್ತಿದ್ದರು. ನಮ್ಮ ಮನೆಯಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವಳು ನಾನೇ ಮೊದಲು. ಪರಊರಿಗೆ ಹೋದಾಗ ನಮ್ಮ ಮಾತಿನ ಧಾಟಿ ಕೇಳಿ ಯಾರಾದರೂ ನಕ್ಕರೆ ನನ್ನ ದನಿ ತಾನಾಗಿ ತಗ್ಗುತ್ತದೆ. ಈ ತಾಯಿ ಮುಂಬಯಿಯಂಥ ಶಹರದಲ್ಲಿ ತಮ್ಮ ನಾಡನ್ನೇ ಅಡ್ಡಹೆಸರು ಮಾಡಿಕೊಂಡು ಮೆರೆದರಲ್ಲ!

ಸಂಸಾರ ಮೊದಲು ಸುಖ ಕೊಡಲಿಲ್ಲ. ನಟ ಹಿಮಾಲಯವಾಲಾ ಅವರೊಡನೆಯ ವಿವಾಹ ನೋವಿನಲ್ಲಿ ಮುರಿಯಿತು. ಬಳಿಕ ಪತ್ರಿಕೋದ್ಯಮಿ ಬದರಿ ಕಾಂಚವಾಲಾ ಅವರ ಕೈಹಿಡಿದರು. 1949ರ ಹೊತ್ತಿಗೆ ಲತಾರ ತೆಳುದನಿಗೆ ಜನ ಮಾರುಹೋದರು. ತುಂಬುಕಂಠದ ಹಳೆಯ ಗಾಯಕಿಯರಿಗೆ ಕರೆ ಕಡಿಮೆಯಾಯಿತು. ಅಮೀರಬಾಯಿ ಮತ್ತೆ ಪೋಷಕ ಪಾತ್ರಗಳತ್ತ ಹೊರಳಿದರು. 1965ರ ಮಾರ್ಚಿನಲ್ಲಿ ತೀರಿಕೊಂಡರು. ಗಳಿಕೆಯ ದಿನಗಳಲ್ಲಿಯೂ ಅವರು ಈ ಕಡೆಯನ್ನು ಮರೆತಿರಲಿಲ್ಲ. ವಿಜಾಪುರದಲ್ಲಿ ಅವರ ಚಿತ್ರಮಂದಿರವಿತ್ತು. ಅದರ ಹೆಸರು ಅಮೀರ್ ಟಾಕೀಜ್.