ಕೂಸ್ತೊ ಕಂಡ ಕಡಲು

ಮಂಡ್ಯ ಜಿಲ್ಲೆಗೆ ಕಡಲಿಲ್ಲ. ಮದ್ದೂರಿನಲ್ಲಿ ಶಿಂಷಾ, ಮಳವಳ್ಳಿಯಲ್ಲಿ ಕಾವೇರಿ; ನಾವು ಬಲ್ಲ ನೀರು ಇಷ್ಟೇ. ಆದರೂ ಮುತ್ತತ್ತಿಯ ಹೊಳೆಯಂಚಿನಲ್ಲಿ ನಿಂತಾಗಲೆಲ್ಲ ನನಗೆ ಫ್ರಾನ್ಸಿನ ಜಾಕ್ ಕೂಸ್ತೊ ನೆನಪಾಗುತ್ತಾರೆ. ಅದಕ್ಕೆ ಕಾರಣ ಸಿಡಿಮದ್ದು. ಕಾವೇರಿಯ ಈ ಭಾಗದ ಮಡುಗಳಲ್ಲಿ ಕಳ್ಳಬೇಟೆಗಾರರು ಅದನ್ನು ಸಿಡಿಸಿ ಮೀನು ಹಿಡಿದದ್ದುಂಟು. ಕಡಲಿನ ರಕ್ಷಕರೆಂದು ಜಗತ್ತು ಕೊಂಡಾಡಿದ ಕೂಸ್ತೊ ಕೂಡ ಒಮ್ಮೆ ಅದನ್ನೇ ಮಾಡಿದ್ದರು. ಅದೂ ಕ್ಯಾಮೆರಾದ ಎದುರು.

1910ರಲ್ಲಿ ಬೋರ್ಡೊ ನಗರದ ಬಳಿ ಜನಿಸಿದ ಅವರು ನೌಕಾಪಡೆಯ ವಿಮಾನ ಚಾಲಕರಾಗಬೇಕಿತ್ತು. ಕಾರು ಅಪಘಾತವೊಂದು ಆ ಆಸೆಯನ್ನು ಮುರಿಯಿತು. ಪೆಟ್ಟಾದ ತೋಳುಗಳಿಗೆ ಬಲ ಬರಲೆಂದು ಮೆಡಿಟರೇನಿಯನ್ ಕಡಲಿನಲ್ಲಿ ಈಜತೊಡಗಿದವರು 1936ರ ಸುಮಾರಿಗೆ ಕನ್ನಡಕ ಧರಿಸಿ ನೀರೊಳಗೆ ಕಣ್ಣು ತೆರೆದರು. ಅಲ್ಲಿಂದ ಅವರ ಬದುಕಿನ ದಿಕ್ಕೇ ಬದಲಾಯಿತು. 1943ರಲ್ಲಿ ಎಂಜಿನಿಯರ್ ಎಮಿಲ್ ಗಾನ್ಯಾನ್ ಜೊತೆಗೂಡಿ ಆಕ್ವಾಲಂಗ್ ರೂಪಿಸಿದರು. ಮುಳುಗುಗಾರ ಉಸಿರೆಳೆದಾಗ ಮಾತ್ರ, ಸುತ್ತಲಿನ ನೀರಿನ ಒತ್ತಡಕ್ಕೆ ತಕ್ಕಷ್ಟು ಗಾಳಿ ಒದಗಿಸುವ ಸಾಧನವದು. ಮೇಲಿನಿಂದ ಗಾಳಿ ಕೊಳವೆಯ ಹಂಗಿಲ್ಲದೆ ಕ್ಯಾಮೆರಾ ಹಿಡಿದು ಮೀನಿನಂತೆ ತಿರುಗಾಡಲು ಸಾಧ್ಯವಾಯಿತು.

1950ರಲ್ಲಿ ವರ್ಷಕ್ಕೆ ಒಂದು ಫ್ರಾಂಕ್ ಬಾಡಿಗೆಗೆ ದೊರೆತ ಹಳೆಯ ಯುದ್ಧನೌಕೆ ‘ಕ್ಯಾಲಿಪ್ಸೊ’ ಅವರ ಮನೆಯೂ ಚಿತ್ರಶಾಲೆಯೂ ಆಯಿತು. ಲೂಯಿ ಮಾಲ್ ಜೊತೆ ನಿರ್ದೇಶಿಸಿದ ‘ದಿ ಸೈಲೆಂಟ್ ವರ್ಲ್ಡ್’ ಸಾಕ್ಷ್ಯಚಿತ್ರಕ್ಕೆ 1956ರಲ್ಲಿ ಕಾನ್ ಉತ್ಸವದ ಅತ್ಯುಚ್ಚ ಪ್ರಶಸ್ತಿ, ಮರುವರ್ಷ ಆಸ್ಕರ್ ಸಂದವು. ಇಂದು ಆ ಚಿತ್ರವನ್ನು ನೋಡುವುದು ಸುಲಭವಲ್ಲ. ಮೀನಿನ ಜಾತಿಗಳನ್ನು ಎಣಿಸಲೆಂದು ಹವಳದ ದಿಬ್ಬಕ್ಕೆ ಸಿಡಿಮದ್ದು ಇಡುತ್ತಾರೆ. ಹಡಗಿನ ಪ್ರೊಪೆಲರ್‌ಗೆ ಸಿಕ್ಕಿ ಗಾಯಗೊಂಡ ತಿಮಿಂಗಿಲದ ಮರಿಯನ್ನು ತಿನ್ನಲು ಬಂದ ಶಾರ್ಕ್‌ಗಳನ್ನು ಸಿಬ್ಬಂದಿ ಮೇಲೆಳೆದು ಬಡಿದು ಕೊಲ್ಲುತ್ತಾರೆ. ಮರಿಗೆ ಗಾಯ ಮಾಡಿದ್ದು ತಮ್ಮದೇ ಹಡಗು ಎಂಬುದು ಆ ರೋಷದಲ್ಲಿ ಯಾರಿಗೂ ಹೊಳೆದಂತಿಲ್ಲ!

ಆದರೆ ಕೂಸ್ತೊ ಅಲ್ಲಿಗೇ ನಿಲ್ಲಲಿಲ್ಲ. ಮತ್ತೆ ಮತ್ತೆ ಅದೇ ಕಡಲಿಗಿಳಿದವರಿಗೆ ಮೀನು ವಿರಳವಾಗುತ್ತಿದ್ದುದು ಕಣ್ಣಿಗೆ ಬಿತ್ತು. 1960ರಲ್ಲಿ ಮೆಡಿಟರೇನಿಯನ್‌ಗೆ ವಿಕಿರಣ ತ್ಯಾಜ್ಯ ಸುರಿಯುವ ಯೋಜನೆಯನ್ನು ಬಹಿರಂಗವಾಗಿ ವಿರೋಧಿಸಿದರು. ಅನಂತರದ ಅವರ ಕಿರುತೆರೆ ಸರಣಿ ಕಡಲನ್ನೇ ಕಾಣದ ಕೋಟ್ಯಂತರ ಜನರ ನಡುಮನೆಗೆ ಅದರ ಒಡಲನ್ನು ತಂದಿತು. 1973ರಲ್ಲಿ ಕೂಸ್ತೊ ಸೊಸೈಟಿ ಸ್ಥಾಪನೆಯಾಯಿತು. ಅಂಟಾರ್ಕ್ಟಿಕಾದಲ್ಲಿ ಗಣಿಗಾರಿಕೆಯನ್ನು ತಡೆಯಲು ಎಂಬತ್ತರ ವಯಸ್ಸಿನಲ್ಲಿ ಸಹಿ ಸಂಗ್ರಹಿಸಿದರು. ಅದನ್ನು ನಿಷೇಧಿಸುವ ಒಪ್ಪಂದಕ್ಕೆ 1991ರಲ್ಲಿ ರಾಷ್ಟ್ರಗಳು ಸಹಿ ಹಾಕಿದವು. ಅವರ ಚಲನಚಿತ್ರಗಳಿಲ್ಲದಿದ್ದರೆ ಆ ಸಹಿಗಳು ಅಷ್ಟು ಸಲೀಸಾಗಿ ಕೂಡುತ್ತಿರಲಿಲ್ಲ ಎಂಬುದು ನನ್ನ ನಂಬಿಕೆ.

ನಮ್ಮ ಹೊಳೆಗೆ ಅಂಥ ಪ್ರೇಕ್ಷಕರು ದೊರೆತಿಲ್ಲ. ಸಿಡಿಮದ್ದಿನ ಆಘಾತಕ್ಕೆ ಮೀನಿನ ಗಾಳಿಚೀಲ ಒಡೆಯುತ್ತದೆ, ಮರಿಗಳೂ ಸಾಯುತ್ತವೆ, ಸತ್ತವುಗಳಲ್ಲಿ ಅನೇಕವು ತಳ ಸೇರುವುದರಿಂದ ಹಿಡಿದವನಿಗೂ ದಕ್ಕುವುದಿಲ್ಲ, ದಡದಲ್ಲಿದ್ದವನಿಗೂ ಕಾಣುವುದಿಲ್ಲ. ಕಾವೇರಿ ಕೊಳ್ಳಕ್ಕಷ್ಟೇ ಸೀಮಿತವಾದ ಡುಬ್ಬದ ಮಹಶೀರ್ 2018ರಲ್ಲಿ ತೀವ್ರ ಅಳಿವಿನಂಚಿನ ಜೀವಿಗಳ ಜಾಗತಿಕ ಪಟ್ಟಿಗೆ ಸೇರಿತು. ತೆರೆಯ ಮೇಲೆ ಶಾರ್ಕನ್ನು ಗುರುತಿಸುವ ಮಳವಳ್ಳಿಯ ಎಷ್ಟು ಮಕ್ಕಳು ಈ ಮೀನನ್ನು ಗುರುತಿಸಿಯಾರು?

ಕೂಸ್ತೊ ಅವರ ಕೊನೆಯ ವರ್ಷಗಳು ಕಷ್ಟದವು. ಮಗ ಫಿಲಿಪ್ 1979ರಲ್ಲೇ ಲಿಸ್ಬನ್ ಬಳಿ ವಿಮಾನ ದುರಂತದಲ್ಲಿ ತೀರಿಕೊಂಡಿದ್ದರು. 1996ರಲ್ಲಿ ಸಿಂಗಪುರದ ಬಂದರಿನಲ್ಲಿ ದೋಣಿಯೊಂದು ಬಡಿದು ಕ್ಯಾಲಿಪ್ಸೊ ಮುಳುಗಿತು. ಹೊಸ ಹಡಗಿಗಾಗಿ ಹಣ ಕೂಡಿಸುತ್ತಿದ್ದಾಗಲೇ, 1997ರ ಜೂನ್ 25ರಂದು, 87ನೆಯ ವಯಸ್ಸಿನಲ್ಲಿ ಅವರು ಪ್ಯಾರಿಸ್‌ನಲ್ಲಿ ನಿಧನರಾದರು. ಆ ಹಡಗು ಸಿದ್ಧವಾಗಲಿಲ್ಲ.